ಒಂದು ಕೈಯಲ್ಲಿ ಬಿಂದಿಗೆ

ಚಿನ್ನು, ಪುಟ್ಟು,

ಹೋದ ಭಾನುವಾರ ನೀವಿಬ್ಬರೂ ಮಂಡ್ಯದಿಂದ ಬಂದಾಗ ಫೋನಿನಲ್ಲಿ ಒಂದು ನಾಟಕದ ತುಣುಕು ತೋರಿಸಿದಿರಿ. ಬಿಳಿ ಪಂಚೆ ಉಟ್ಟ ಪಂಡಿತ ಬಿಂದಿಗೆಯನ್ನು ಕೆಳಗಿಟ್ಟು ದೊರೆಯ ಕಾಲಿಗೆ ಬೀಳುತ್ತಾನೆ. ಮೇಲಿಂದ ಪೈಪಿನಲ್ಲಿ ನೀರು ಚಿಮ್ಮುತ್ತದೆ. ಜನ ಶಿಳ್ಳೆ ಹೊಡೆಯುತ್ತಾರೆ. ಹಿಂದಿನ ಬ್ಯಾನರಿನಲ್ಲಿ ನಿಮ್ಮ ತಾತನ ಫೋಟೋ, ಅದಕ್ಕೊಂದು ಹಾರ. ಯುಗಾದಿ ಕಳೆದ ಮೇಲೆ ಮತ್ತೆ ಆಡುತ್ತಾರಂತೆ, ಈ ಸಲ ಆ ಪಂಡಿತನ ಪಾತ್ರ ಪುಟ್ಟುವಿಗೇ ಕೊಟ್ಟಿದ್ದಾರಂತೆ. ತಾತನ ಪಾತ್ರ ಮೊಮ್ಮಗನಿಗೆ ಬಂತು ಎಂದು ಅವನ ಮುಖ ಅರಳಿತ್ತು. ಆಗ ಚಿನ್ನು ಕೇಳಿದಳು, "ಅಜ್ಜಿ, ತಾತನೂ ಹಿಂಗೇ ಬಿದ್ರಾ?"

ಒಲೆಯ ಮೇಲೆ ಸಾರಿದೆ ಎಂದು ನಾನು ಒಳಗೆ ಹೋದೆ. ಸಾರು ಆಗಲೇ ಇಳಿಸಿ ಆಗಿತ್ತು.

ನಾಲ್ಕು ಜನರ ಎದುರು ಮಾತಾಡುವುದು ನನಗೆ ಬರುವುದಿಲ್ಲ. ನಿಮ್ಮ ಎದುರೂ ಅಷ್ಟೇ. ಊರ ಶಾಲೆಯಲ್ಲಿ ಏಳನೇ ಕ್ಲಾಸಿನವರೆಗೆ ಕಲಿತವಳು ನಾನು, ಅಕ್ಷರ ಮರೆತಿಲ್ಲ. ಅದಕ್ಕೇ ಬರೆಯುತ್ತಿದ್ದೇನೆ. ತಾತ ಬೀಳಲಿಲ್ಲ. ಅವರು ಬರೆದ ಪಂಡಿತನೂ ಬೀಳಲಿಲ್ಲ. ಇದನ್ನು ಬಲ್ಲವರು ಊರಲ್ಲಿ ಇನ್ನೂ ಇದ್ದಾರೆ. ಅವರು ಯಾರೂ ನಿಮಗೆ ಹೇಳುವುದಿಲ್ಲ.

ನಮ್ಮ ಕಡೆ ನಾಟಕ ಹೇಗೆ ನಡೆಯುತ್ತದೆಂದು ಮೊದಲು ಹೇಳಿಬಿಡುತ್ತೇನೆ. ಇಲ್ಲಿ ಚೆನ್ನಾಗಿ ಅಭಿನಯಿಸುವವನಿಗೆ ಪಾತ್ರ ಸಿಗುವುದಿಲ್ಲ, ಖರ್ಚು ಹೊರುವವನಿಗೆ ಸಿಗುತ್ತದೆ. ಕಿರೀಟದ ಪಾತ್ರಕ್ಕೆ ಹೆಚ್ಚು ಖರ್ಚು, ಮುನಿ ಮಂತ್ರಿಗಳಿಗೆ ಕಡಿಮೆ. ಹಾರ್ಮೋನಿಯಂ ಮೇಷ್ಟ್ರು ಬಂದು ತಿಂಗಳುಗಟ್ಟಲೆ ಹಾಡು ಕಲಿಸುತ್ತಾರೆ. ಒಬ್ಬೊಬ್ಬರಿಗೂ ಅವರವರ ಮಾತನ್ನಷ್ಟೇ ಬರೆದುಕೊಡುತ್ತಾರೆ. ಪಕ್ಕದವನು ಏನು ಹೇಳುತ್ತಾನೆ ಎಂಬುದು ಎಷ್ಟೋ ಜನಕ್ಕೆ ಕಡೆಯವರೆಗೂ ಗೊತ್ತಿರುವುದಿಲ್ಲ, ಅವನ ಮಾತಿನ ಕಡೆಯ ಪದ ಕೇಳಿದರೆ ಸಾಕು, ತಮ್ಮದನ್ನು ಶುರುಮಾಡುತ್ತಾರೆ. ಕಿರೀಟದವನು ವೇದಿಕೆಗೆ ಬಂದನೋ, ಅವನ ಬೀಗರು, ಷಡ್ಡಕರು, ಬಾಮೈದಂದಿರು ಹಾರ ಹಿಡಿದು ಮೆಟ್ಟಿಲು ಹತ್ತುತ್ತಾರೆ. ಯುದ್ಧ ನಡೆಯುತ್ತಿದ್ದರೆ ಯುದ್ಧ ನಿಲ್ಲುತ್ತದೆ. ಹಾರ ಹಾಕಿ, ಶಾಲು ಹೊದಿಸಿ, ಫೋಟೋ ತೆಗೆಸಿಕೊಂಡು ಅವರು ಇಳಿದ ಮೇಲೆ ಬಾಣ ಬಿಡುತ್ತಾರೆ.

ನಿಮ್ಮ ತಾತ ಆಗ ಆತಗೂರು ಕಡೆಯ ಒಂದು ಶಾಲೆಯಲ್ಲಿ ಕನ್ನಡ ಮೇಷ್ಟ್ರು. ಊರವರ ಪೌರಾಣಿಕ ನಾಟಕಗಳಿಗೆ ಮಾತು ತಿದ್ದಿಕೊಡುತ್ತಿದ್ದರು. ಒಂದು ವರ್ಷ ಊರಿನವರು, ಮೇಷ್ಟ್ರೇ, ಆಡಿದ್ದನ್ನೇ ಆಡಿ ಸಾಕಾಯಿತು, ಯಾರೂ ಆಡದ ಒಂದು ಕಥೆ ಬರೆದುಕೊಡಿ, ಆದರೆ ಕಿರೀಟ ಇರಲಿ ಎಂದರು. ತಾತ ಬೇಸಿಗೆ ರಜೆ ಪೂರ್ತಿ ನಮ್ಮ ಹಟ್ಟಿಯ ಜಗುಲಿಯ ಮೇಲೆ ಕೂತು ಬರೆದರು.

ಅವರು ಕಟ್ಟಿದ ನಾಡಿನ ಹೆಸರು ಮೇಲ್ಹೊಳೆ. ಅಂಥ ನಾಡು ಯಾವ ಮ್ಯಾಪಿನಲ್ಲೂ ಇಲ್ಲ. ಅಲ್ಲಿ ಹೊಳೆ ಕೆಳಗಿನಿಂದ ಮೇಲಕ್ಕೆ ಹರಿಯುತ್ತದೆ. ತಗ್ಗಿನ ಊರುಗಳ ನೆಲದಡಿ ಹುಟ್ಟಿ, ಅಲ್ಲಿ ಒಂದು ಹನಿಯೂ ನಿಲ್ಲದೆ, ಬಂಡೆಯ ಸೀಳಿನಲ್ಲಿ ಬೆಟ್ಟ ಹತ್ತಿ ದೊರೆಯ ಕೋಟೆಯ ಸುತ್ತ ಹರಡಿಕೊಳ್ಳುತ್ತದೆ. ದೋಣಿಯವರು ಬೆಟ್ಟ ಹತ್ತುವಾಗ ಸುಮ್ಮನೆ ಕೂತಿರುತ್ತಾರೆ, ಇಳಿಯುವಾಗ ಹುಟ್ಟು ಹಾಕುತ್ತಾರೆ. ಭತ್ತ ಬೆಳೆಯುವುದು ಬೆಟ್ಟದ ತಲೆಯ ಮೇಲೆ. ತಗ್ಗಿನಲ್ಲಿ ಬರೀ ಕಳ್ಳಿ. ತಗ್ಗಿನ ಹೆಂಗಸರು ದಿನಾ ಬೆಟ್ಟ ಹತ್ತಿ, ತಮ್ಮ ಕಾಲಡಿಯಿಂದಲೇ ಹೋದ ನೀರನ್ನು ಬಿಂದಿಗೆಯಲ್ಲಿ ಹೊತ್ತು ಇಳಿಯಬೇಕು. ದೊರೆಯ ಮೂಲಪುರುಷ ಒಮ್ಮೆ ಬೆತ್ತ ಕುಟ್ಟಿ ಕರೆದನಂತೆ, ಅದಕ್ಕೇ ಹೊಳೆ ಬೆಟ್ಟ ಹತ್ತಿತಂತೆ. ಆ ನಾಡಿನ ಮಕ್ಕಳು ಮೊದಲು ಕಲಿಯುವ ಪಾಠವೇ ಇದು.

ಅಲ್ಲಿ ಹೀಗೆ ನೀರು ಹೊರುವ ಒಬ್ಬ ಹೆಂಗಸಿನ ಮಗ ನಮ್ಮ ಪಂಡಿತ. ತಾಯಿ ಒಂದು ಸೊಂಟದಲ್ಲಿ ಬಿಂದಿಗೆ, ಇನ್ನೊಂದು ಸೊಂಟದಲ್ಲಿ ಇವನನ್ನು ಎತ್ತಿಕೊಂಡು ಬೆಟ್ಟ ಹತ್ತುತ್ತಿದ್ದಳು. ಅವಳು ಸರದಿಗೆ ಕಾಯುವಾಗ ಮಗು ಕೋಟೆಯ ಪಾಠಶಾಲೆಯ ಕಿಟಕಿಯ ಕೆಳಗೆ ಕೂತು ಒಳಗಿನದನ್ನೆಲ್ಲ ಬಾಯಿಪಾಠ ಮಾಡಿಕೊಂಡ. ದೊಡ್ಡವನಾದ. ಆಸ್ಥಾನದ ಪಂಡಿತನೇ ಆದ. ದೊರೆ ಅವನನ್ನು ಕರೆದು ನಮ್ಮ ವಂಶದ ಚರಿತ್ರೆ ಬರೆ ಎಂದ. ಅವನು ಶ್ರದ್ಧೆಯ ಮನುಷ್ಯ. ಮೂಲದಿಂದ ಬರೆಯಬೇಕೆಂದು ಕೋಟೆಯ ಮೊದಲ ಕಲ್ಲಿನ ಕೆಳಗೆ ಅಗೆಸಿದ. ಅಲ್ಲಿ ಬಂಡೆಯೊಳಗೆ ಮೀನಿನ ಮೂಳೆ ಸಿಕ್ಕಿತು. ಕೋಟೆಗಿಂತ ಮೊದಲು ಅಲ್ಲಿ ನೀರಿತ್ತು. ಅವನು ಚರಿತ್ರೆಯ ಮೊದಲ ಸಾಲು ಬರೆದ: ಹೊಳೆ ಮೊದಲು ಬಂತು, ದೊರೆ ಆಮೇಲೆ ಬಂದ.

ಅಷ್ಟಕ್ಕೆ ನಾಡೆಲ್ಲ ಅವನಿಗೆ ಎದುರಾಯಿತು. ಉಳಿದ ಪಂಡಿತರು ಏಕಾಂತದಲ್ಲಿ ನೀನು ಹೇಳುವುದು ಸರಿ ಎಂದು ಅವನ ಭುಜ ತಟ್ಟಿ, ಸಭೆಯಲ್ಲಿ ಅವನ ಮೇಲೆ ಬಿದ್ದರು. ಒಬ್ಬ ಮುದಿ ಪಂಡಿತನಂತೂ, ದೊರೆಯ ವಂಶ ಮುಂದೆ ಹುಟ್ಟುತ್ತದೆಂದು ತಿಳಿದೇ ಮೀನುಗಳು ಮುಂಚಿತವಾಗಿ ಬಂದು ಕಾದಿದ್ದವು ಎಂದು ವಾದಿಸಿದ. ಅದನ್ನು ಓದಿ ಹೇಳುವಾಗ ತಾತ ತಾವೇ ನಗುತ್ತಿದ್ದರು. ಶಿಷ್ಯರು ಬಿಟ್ಟು ಹೋದರು. ಪಂಡಿತನ ಮೇಲೆ ಬೂದಿ ಎರಚಿದ್ದು ಮಾತ್ರ ಕೋಟೆಯವರಲ್ಲ. ತಗ್ಗಿನವರು, ಅವನ ಊರಿನವರೇ. ಯಾಕೆಂದರೆ ದೊರೆಯ ಮಾತಿಗೆ ಹೊಳೆ ಹತ್ತಿದ್ದು ನಿಜವಾದರೆ, ಒಂದು ದಿನ ದೊರೆಯ ಮಾತಿಗೆ ಇಳಿಯಲೂ ಬಹುದಲ್ಲ. ಅವರು ಅದೊಂದು ಆಸೆಯ ಮೇಲೆ ಬದುಕಿದ್ದರು. ಇವನು ಅದನ್ನು ಕಿತ್ತುಕೊಂಡ.

ನಾನು ಮುದ್ದೆ ತಿರುವುತ್ತಾ ಕೇಳಿದೆ, ಬಾಯಾರಿದವರು ಇವನ ಮೇಲೆ ಯಾಕೆ ಸಿಟ್ಟಾಗುತ್ತಾರೆ ಎಂದು. ತಾತ ಹೇಳಿದರು, "ದೊರೆಗೆ ಕ್ವಾಪ ಬರೋದು ಎಲ್ಲಾ ನಾಟಕದಲ್ಲೂ ಅದೆ. ಇದು ನಿಮ್ಮೂರಲ್ಲಿ ಕಂಡಿದ್ದು ಕಣಮ್ಮಿ."

ನನ್ನ ತವರೂರು ಮಳವಳ್ಳಿ ಕಡೆ, ನಾಲೆಯ ಕೊನೆ. ನಿಮ್ಮ ತಾತನ ಊರು ಮದ್ದೂರು ಕಡೆ, ಅದೇ ನಾಲೆಯ ಮೇಲ್ಭಾಗ. ಬೇಸಿಗೆಯಲ್ಲಿ ಪೈರು ಒಣಗಲು ಶುರುವಾದರೆ ನಮ್ಮೂರ ಹಿರಿಯರು ಎಲೆ ಅಡಿಕೆ, ಬಾಳೆಗೊನೆ ತೆಗೆದುಕೊಂಡು ತಾತನ ಊರಿನ ಯಜಮಾನರ ಮನೆಗೆ ಹೋಗುತ್ತಿದ್ದರು. ನಾಲೆ ಊರಿಗೆ ಬಂದದ್ದು ಆ ಮನೆಯ ಹಿರೀಕರ ಪ್ರಯತ್ನದಿಂದ ಎಂದು ಹೆಸರು. ಚಿಕ್ಕವಳಿದ್ದಾಗ ಒಮ್ಮೆ ನಾನೂ ಅಪ್ಪನ ಜೊತೆ ಹೋಗಿದ್ದೆ. ಚಪ್ಪಲಿಯನ್ನು ಬೀದಿಯಲ್ಲೇ ಬಿಟ್ಟರು. ನಮ್ಮಪ್ಪ ಆಗಿನ ಯಜಮಾನರ ಕಾಲು ಹಿಡಿದರು. ಅವರು ಪೇಪರಿನಿಂದ ಕಣ್ಣೆತ್ತದೆ "ನೋಡಾನ ಓಗಿ" ಎಂದರು. ನಾಲೆಗೆ ನೀರು ಬಿಡುತ್ತಿದ್ದವರು ಇಂಜಿನಿಯರು, ಅದೂ ಸರದಿಯ ಪ್ರಕಾರ. ಆದರೆ ಸರದಿಗೆ ನೀರು ಬಂದರೆ ನಮ್ಮೂರವರು ಕಾಲು ಹಿಡಿದಿದ್ದಕ್ಕೆ ಬಂತು ಅನ್ನುತ್ತಿದ್ದರು. ಬಾರದಿದ್ದರೆ, ಹಿಡಿದವನು ಸರಿಯಾಗಿ ಹಿಡಿಯಲಿಲ್ಲ ಎಂದು ಅವನನ್ನೇ ಬೈಯುತ್ತಿದ್ದರು. ಒಂದು ವರ್ಷ ಪೂರ್ತಿ ನಮ್ಮಪ್ಪ ಆ ಬೈಗುಳ ತಿಂದರು. ಮದುವೆಯಾದ ಹೊಸದರಲ್ಲಿ ಇದನ್ನು ನಾನು ನಿಮ್ಮ ತಾತನಿಗೆ ಹೇಳಿದ್ದೆ.

ನಾಟಕಕ್ಕೆ ಪಾತ್ರ ಹಂಚಿದಾಗ ದೊರೆಯ ಕಿರೀಟವನ್ನು ಆ ಮನೆಯವರೇ ಹಿಡಿದರು. ನಮ್ಮಪ್ಪ ಯಾರ ಕಾಲು ಹಿಡಿದಿದ್ದರೋ ಅವರ ಮಗ, ಆ ಹೊತ್ತಿಗೆ ಅವರೇ ಯಜಮಾನರು. ಪಂಡಿತನ ಪಾತ್ರ ಮಾತ್ರ ಯಾರಿಗೂ ಬೇಡವಾಯಿತು. ಕಿರೀಟವಿಲ್ಲ, ಭುಜಕೀರ್ತಿಯಿಲ್ಲ, ಒಂದು ಬಿಳಿ ಪಂಚೆ, ಕೈಯಲ್ಲೊಂದು ಬಿಂದಿಗೆ. ಮೇಲೆ ಬೂದಿ ಬೇರೆ ಎರಚಿಸಿಕೊಳ್ಳಬೇಕು. ಬೀಗರ ಎದುರು ಅದನ್ನು ಯಾರು ಮಾಡುತ್ತಾರೆ? ಕೊನೆಗೆ ತಾತನೇ ಹಿಡಿದರು. ಬಿಂದಿಗೆ ನಮ್ಮ ಮನೆಯದು, ನನ್ನ ಮದುವೆಗೆ ತವರಿನಿಂದ ಕೊಟ್ಟ ಹಿತ್ತಾಳೆ ಬಿಂದಿಗೆ. ಸಂಜೆ ಶಾಲೆಯಿಂದ ಬಂದು ಅಡಿಗೆಮನೆಯ ಬಾಗಿಲಲ್ಲಿ ನಿಂತು ಮಾತು ಒಪ್ಪಿಸುತ್ತಿದ್ದರು. ನಾನು ರಾಗಿ ಬೀಸುತ್ತಲೋ ಸೊಪ್ಪು ಸೋಸುತ್ತಲೋ ಕೇಳಿ, ತಪ್ಪಿದರೆ ಹೇಳುತ್ತಿದ್ದೆ. ಹಾಗೆ ನನಗೂ ಬಾಯಿಗೆ ಬಂತು.

ಯಜಮಾನರು ತಮ್ಮ ಮಾತನ್ನಷ್ಟೇ ಕಲಿತಿದ್ದರು. ಅವರ ಕಡೆಯ ಮಾತು ಹೀಗಿತ್ತು: ಪಂಡಿತ, ತಪ್ಪಾಯಿತೆಂದು ನನ್ನ ಪಾದ ಹಿಡಿ, ಒಂದು ದಿನದ ಮಟ್ಟಿಗೆ ಹೊಳೆಯನ್ನು ನಿನ್ನ ತಾಯಿಯ ಊರಿಗೆ ಇಳಿಸುತ್ತೇನೆ. ಅದಾದ ಮೇಲೆ ಅವನು ಕಾಲಿಗೆ ಬೀಳುತ್ತಾನೆ, ಪರದೆ ಬೀಳುತ್ತದೆ ಎಂದುಕೊಂಡಿದ್ದರು. ಬೇರೆ ಏನಾದೀತೆಂದು ಅವರಿಗೆ ಹೊಳೆದೇ ಇರಲಿಲ್ಲ. ಕಡೆಯ ಅಂಕದ ಪ್ರಾಕ್ಟೀಸಿನಲ್ಲಿ ತಾತ ಬೀಳದೆ, ಬಿಂದಿಗೆ ಎತ್ತಿಕೊಂಡು ಹೊರಟುಬಿಟ್ಟರು.

ಮಾರನೆಯ ಬೆಳಿಗ್ಗೆ ಯಜಮಾನರು ನಮ್ಮ ಜಗುಲಿಗೆ ಬಂದರು. ನಾನು ಕಾಫಿ ಕೊಟ್ಟು ಬಾಗಿಲ ಹಿಂದೆ ನಿಂತೆ.

"ಮೇಷ್ಟ್ರೇ, ನಾನು ಕಿರೀಟ ಇಕ್ಕಂಡು ನಿಂತಿರೋವಾಗ ನೀವು ಬೆನ್ನು ತೋರ್ಸಿ ಒಂಟೋದ್ರೆ ನಮ್ ಬೀಗರು ಏನನ್ಕತಾರೆ?"

ಅದು ಕಥೆ, ಅಂಥ ನಾಡೇ ಇಲ್ಲ ಎಂದು ತಾತ ಹೇಳಿದರು.

"ನಾಡು ಇಲ್ದೆ ಇರ್ಬೋದು. ಕಿರೀಟ ನನ್ ತಲೆ ಮ್ಯಾಲೆ ಅಲ್ವಾ ಇರೋದು?"

ತಾತ ನಕ್ಕುಬಿಟ್ಟರು. ನಗಬಾರದಿತ್ತು. ಯಜಮಾನರು ಅರ್ಧ ಕಾಫಿ ಬಿಟ್ಟು ಎದ್ದರು. ಎರಡು ದಿನಕ್ಕೆ ಊರ ಹಿರಿಯರು ದೇವಸ್ಥಾನದ ಮುಂದೆ ಸೇರಿ, ಪಂಡಿತ ಕಾಲಿಗೆ ಬೀಳಲಿ ಎಂದು ತೀರ್ಮಾನ ಕೊಟ್ಟರು. ಇಲ್ಲದ ನಾಡಿನ, ಇಲ್ಲದ ಮನುಷ್ಯನ ಮೇಲೆ ಈ ಊರವರು ಪಂಚಾಯ್ತಿ ಮಾಡಿದರು. ಅಲ್ಲಿ ಒಬ್ಬರಿಗೂ ಅದು ವಿಚಿತ್ರ ಅನ್ನಿಸಲಿಲ್ಲ. ತಾತ ಹೂಂ ಎನ್ನಲಿಲ್ಲ, ಊಹೂಂ ಎನ್ನಲಿಲ್ಲ. ಹೂಂ ಎಂದರು ಎಂದು ಊರು ಅಂದುಕೊಂಡಿತು.

ನಾಟಕ ಮಂಡ್ಯದ ಸಭಾಂಗಣದಲ್ಲಿ, ಬೆಳಿಗ್ಗೆಯಿಂದಲೇ ಶುರು. ಮಳವಳ್ಳಿ ಕಡೆಯಿಂದ ನನ್ನ ತವರಿನವರು ಟೆಂಪೋ ಮಾಡಿಕೊಂಡು ಬಂದಿದ್ದರು. ನನ್ನ ತಮ್ಮನ ಕೈಯಲ್ಲಿ ಇಷ್ಟು ದಪ್ಪದ ಸುಗಂಧರಾಜದ ಹಾರ. ಭಾವನಿಗೆ ಹಾಕಲು ತಂದಿದ್ದಾನೆಂದು ನನಗೆ ಒಳಗೊಳಗೇ ಖುಷಿ. ಬಿಳಿ ಪಂಚೆಯ ಪಾತ್ರಕ್ಕೂ ಒಂದು ಹಾರ ಬಂತಲ್ಲ ಎಂದು ಪಕ್ಕದವಳಿಗೆ ತೋರಿಸಿದೆ.

ಕಡೆಯ ಅಂಕ ಬಂತು. ಯಜಮಾನರು ಸಿಂಹಾಸನದಿಂದ ಎದ್ದು ತಮ್ಮ ಮಾತು ಹೇಳಿದರು, ಪಾದ ಹಿಡಿ, ಹೊಳೆಯನ್ನು ಇಳಿಸುತ್ತೇನೆ. ಆಗಲೇ ನನ್ನ ತಮ್ಮ ಮೆಟ್ಟಿಲು ಹತ್ತಿದ. ಆ ಹಾರವನ್ನು ದೊರೆಯ ಕೊರಳಿಗೆ ಹಾಕಿದ. ಬಗ್ಗಿ ಕಾಲು ಮುಟ್ಟಿದ. ಆಮೇಲೆ ತಿರುಗಿ, ಮೈ ತುಂಬ ಬೂದಿಯಾಗಿ ನಿಂತಿದ್ದ ನಿಮ್ಮ ತಾತನಿಗೆ ಹೇಳಿದ. ಮೇಲೆ ನೇತುಹಾಕಿದ್ದ ಮೈಕು ಅದನ್ನು ಇಡೀ ಸಭೆಗೆ ಕೇಳಿಸಿತು.

"ಬಾವ, ಒಂದ್ ಸಲ ಬಗ್ಗಿಬುಡಿ. ಇದು ಆಟ ಅಲ್ವಾ. ನಮ್ಗೆ ನಾಳೆ ನೀರು ಬೇಕು."

ಜನ ನಕ್ಕರು. ತಮಾಷೆ ಎಂದುಕೊಂಡರು. ಮೇಲ್ಹೊಳೆಯ ತಗ್ಗಿನವರು ಬೂದಿ ಎರಚಿದ್ದು ಯಾಕೆಂದು ಕೇಳಿದ್ದೆನಲ್ಲ, ನನಗೆ ಅವತ್ತು ಉತ್ತರ ಸಿಕ್ಕಿತು. ತಾತ ನನ್ನ ತಮ್ಮನ ಮುಖ ನೋಡಿದರು. ಅವರು ಬಗ್ಗಿಯೇಬಿಡುತ್ತಾರೆ ಎಂದು ನನಗೆ ಅನ್ನಿಸಿತು. ತಮ್ಮ ಕೆಳಗಿಳಿಯುವವರೆಗೆ ಕಾದರು. ಆಮೇಲೆ ದೊರೆಯ ಕಡೆ ತಿರುಗಿ ಪಂಡಿತನ ಮಾತು ಶುರುಮಾಡಿದರು.

"ದೊರೆಯೇ, ತಮ್ಮ ಪಾದ ಹಿಡಿಯಲು ಎರಡು ಕೈ ಬೇಕು. ನನ್ನ ಒಂದು ಕೈಯಲ್ಲಿ ತಾಯಿಯ ಬಿಂದಿಗೆ ಇದೆ."

ಅಷ್ಟರಲ್ಲಿ ಹಾರ್ಮೋನಿಯಂ ಮೇಷ್ಟ್ರು ಮಂಗಳದ ಹಾಡು ಎತ್ತಿಕೊಂಡರು, ಜೊತೆಗೆ ತಬಲಾದವನು. ತಾತನ ಬಾಯಿ ಆಡುತ್ತಿತ್ತು, ಮಾತು ಕೇಳಿಸಲಿಲ್ಲ. ಯಾರೋ ಪರದೆಯ ಹಗ್ಗ ಬಿಟ್ಟರು. ಪರದೆಯ ಕೆಳಗಿನ ಮರದ ದಿಮ್ಮಿ ಬಿಂದಿಗೆಗೆ ತಾಗಿ ಠಣ್ ಎಂದಿತು. ನಮ್ಮ ಬಿಂದಿಗೆಯ ಹೊಟ್ಟೆಯಲ್ಲಿ ಒಂದು ತಗ್ಗು ಇದೆಯಲ್ಲ, ಚಿನ್ನು, ನೀನು ಚಿಕ್ಕವಳಿದ್ದಾಗ ಬೆರಳಿಟ್ಟು ಆಡುತ್ತಿದ್ದೆ, ಅದು ಅವತ್ತಿನದು.

ಆ ಬೇಸಿಗೆ ನಾಲೆಯ ಕೊನೆಗೆ, ನನ್ನ ತವರಿಗೆ, ನೀರು ಬರಲಿಲ್ಲ. ಅದರ ಹಿಂದಿನ ಬೇಸಿಗೆಯೂ ಬಂದಿರಲಿಲ್ಲ, ಅದನ್ನು ಯಾರೂ ನೆನಪು ಮಾಡಿಕೊಳ್ಳಲಿಲ್ಲ. ಭಾವ ಬಗ್ಗಲಿಲ್ಲ, ಅದಕ್ಕೇ ನೀರಿಲ್ಲ ಎಂದು ನನ್ನ ತವರಿನವರು ಹಟ್ಟಿ ಹಟ್ಟಿಯಲ್ಲಿ ಹೇಳಿದರು. ಗೌರಿ ಹಬ್ಬಕ್ಕೆ ಬಾಗಿನ ಬರಲಿಲ್ಲ. ನಾನೇ ಬಸ್ಸು ಹತ್ತಿ ಹೋದೆ. ತಮ್ಮನ ಹೆಂಡತಿ ಬಾಗಿಲಲ್ಲಿ ನಿಂತು, ಅವರು ಮನೇಲಿಲ್ಲ ಎಂದಳು. ಅವನ ಚಪ್ಪಲಿ ಅಲ್ಲೇ ಇತ್ತು. ಒಂದು ಲೋಟ ನೀರು ಕೊಡಲೇ ಎಂದು ಅವಳು ಕೇಳಲಿಲ್ಲ. ಆಮೇಲೆ ನಾನು ತವರಿಗೆ ಹೋಗಿಲ್ಲ. ನಿಮ್ಮಪ್ಪನ ಮದುವೆಗೂ ಅವರು ಬರಲಿಲ್ಲ.

ಊರಿನಲ್ಲಿ ತಾತನನ್ನು ಯಾರೂ ಹೊಡೆಯಲಿಲ್ಲ, ಬೈಯಲಿಲ್ಲ. ಶುಭಕಾರ್ಯಗಳಿಗೆ ಕರೆಯುವುದನ್ನು ಮರೆತರು, ಅಷ್ಟೇ. ಮದ್ದೂರಿನ ಬಸ್ ಸ್ಟ್ಯಾಂಡಿನಲ್ಲಿ ಅವರಿಂದ ಅಕ್ಷರ ಕಲಿತ ಹುಡುಗರೇ "ಪಂಡಿತ್ರೇ, ಬಿಂದಿಗೆ ಎಲ್ಲಿ?" ಎಂದು ಕೂಗುತ್ತಿದ್ದರು. ಅವರು ತಿರುಗಿ ನೋಡದೆ ಬಸ್ಸು ಹತ್ತುತ್ತಿದ್ದರು. ಯಜಮಾನರ ಕೋಪವನ್ನು ಅವರು ತಡೆದುಕೊಂಡರು. ನನ್ನ ತಮ್ಮನ ಹಾರವನ್ನು ತಡೆದುಕೊಳ್ಳಲು ಆಗಲಿಲ್ಲ. ನನ್ನ ಎದುರು ಆ ಮಾತನ್ನು ಒಂದು ಸಲವೂ ಎತ್ತಲಿಲ್ಲ, ಅದರಿಂದಲೇ ನನಗೆ ಗೊತ್ತಾಯಿತು.

ಕೆಲವು ವರ್ಷ ಕಳೆದ ಮೇಲೆ ಆ ನಾಟಕ ಬೇರೆ ಊರುಗಳಲ್ಲಿ ವೇದಿಕೆ ಏರಲು ಶುರುವಾಯಿತು. ಬರೆದ ಪ್ರತಿ ಇದ್ದದ್ದು ಹಾರ್ಮೋನಿಯಂ ಮೇಷ್ಟ್ರ ಹತ್ತಿರ. ಅವರು ಕಡೆಯ ಅಂಕವನ್ನು ಊರ ತೀರ್ಮಾನದಂತೆ ಬದಲಾಯಿಸಿದ್ದರು. ಪಂಡಿತ ಬಿಂದಿಗೆ ಕೆಳಗಿಟ್ಟು ಬೀಳುತ್ತಾನೆ, ದೊರೆ ಬೆತ್ತ ಕುಟ್ಟುತ್ತಾನೆ, ಹೊಳೆ ಇಳಿಯುತ್ತದೆ, ಎಲ್ಲರೂ ಹಾಡುತ್ತಾರೆ. ಸೋಮನಹಳ್ಳಿಯಲ್ಲಿ ಆಡುತ್ತಾರೆಂದು ಕೇಳಿ ತಾತ ಯಾರಿಗೂ ಹೇಳದೆ ಹೋಗಿ, ಹಿಂದಿನ ಸಾಲಿನಲ್ಲಿ ನಿಂತು ನೋಡಿ ಬಂದರು. ಬಂದವರೇ ಕೈಕಾಲು ತೊಳೆಯದೆ ಜಗುಲಿಯ ಮೇಲೆ ಕೂತರು.

"ಅವನ್ನ ಬಗ್ಗಿಸ್ಬುಟ್ರು ಕಣಮ್ಮಿ" ಎಂದರು.

ನಾನು ಊಟಕ್ಕೆ ಕರೆದೆ. ಬೇಡ ಎಂದರು. ಅದಾದ ಮೇಲೆ ಒಂದು ಸಾಲೂ ಬರೆಯಲಿಲ್ಲ. ನಿಮಗೆ ಅವರು ಹೇಳಿದ ಕಥೆಗಳೆಲ್ಲ ಕಾಗೆ ಗುಬ್ಬಿಯವು. ಮೇಲ್ಹೊಳೆಯ ಹೆಸರನ್ನು ಅವರ ಬಾಯಿಂದ ನೀವು ಕೇಳಿಯೇ ಇಲ್ಲ.

ಅವರು ಹೋದ ಮೇಲೆ ಊರಿಗೆ ಅವರು ದೊಡ್ಡವರಾದರು. ಬದುಕಿದ್ದವರು ಮಾತಾಡಿಬಿಡುತ್ತಾರೆ, ಫೋಟೋ ಮಾತಾಡುವುದಿಲ್ಲ. ಮೊದಲ ವರ್ಷದ ತಿಥಿ ಮುಗಿದ ಮೇಲೆ ಊರವರೇ ಆ ನಾಟಕ ಆಡಿಸಿದರು. ಈಗಿನ ದೊರೆ ಆ ಯಜಮಾನರ ಮಗ. ನನ್ನನ್ನು ಮುಂದಿನ ಸಾಲಿನಲ್ಲಿ ಕೂರಿಸಿ, ಶಾಲು ಹೊದಿಸಿ, ಹಣ್ಣಿನ ಬುಟ್ಟಿ ಕೊಟ್ಟರು. ಮೇಷ್ಟ್ರು ನಮ್ಮೂರ ಹೆಮ್ಮೆ, ದೊರೆಗೆ ಶರಣಾಗುವ ವಿನಯವನ್ನು ಕಲಿಸಿದವರು ಎಂದು ಮೈಕಿನಲ್ಲಿ ಹೇಳಿದರು. ಆ ಬುಟ್ಟಿಯ ಹಣ್ಣನ್ನು ನಾನು ಹಸುವಿಗೆ ಹಾಕಿದೆ. ಶಾಲು ಪೆಟ್ಟಿಗೆಯ ತಳದಲ್ಲಿದೆ, ನಾನು ಹೋದ ಮೇಲೆ ಯಾರಿಗಾದರೂ ಕೊಡಿ.

ಈಗ ನಿಮಗೆ ಹೇಳಬೇಕಾದ್ದಕ್ಕೆ ಬಂದೆ. ಪಂಡಿತನ ಕಡೆಯ ಮಾತನ್ನು ಪೂರ್ತಿ ನೆನಪಿಟ್ಟವರು ಈ ಲೋಕದಲ್ಲಿ ಉಳಿದಿಲ್ಲ, ನಾನೊಬ್ಬಳು ಬಿಟ್ಟು. ಪ್ರತಿಯಲ್ಲಿ ಈಗ ಇಲ್ಲ. ಸಭೆಯಲ್ಲಿ ಹಾರ್ಮೋನಿಯಂ ನುಂಗಿತು. ಅಡಿಗೆಮನೆಯ ಬಾಗಿಲಲ್ಲಿ ನಿಂತು ಅವರು ಒಪ್ಪಿಸುತ್ತಿದ್ದದ್ದು ಹೀಗೆ:

"ದೊರೆಯೇ, ತಮ್ಮ ಪಾದ ಹಿಡಿಯಲು ಎರಡು ಕೈ ಬೇಕು. ನನ್ನ ಒಂದು ಕೈಯಲ್ಲಿ ತಾಯಿಯ ಬಿಂದಿಗೆ ಇದೆ. ಇದನ್ನು ಕೆಳಗಿಟ್ಟರೆ ಅವಳಿಗೆ ನೀರು ತರುವವರು ಯಾರು? ತಾವು ಇಳಿಸುವ ಹೊಳೆಗಾಗಿ ಅವಳು ಕಾದದ್ದು ಸಾಕು. ನನ್ನವರು ನನ್ನ ಮೇಲೆ ಬೂದಿ ಎರಚಿದರು, ಎರಚಲಿ. ಅವರಿಗೂ ಬಾಯಾರಿದೆ. ನಾನು ದಿನಾ ಹತ್ತಿ ಬರುತ್ತೇನೆ, ತುಂಬಿಕೊಂಡು ಇಳಿಯುತ್ತೇನೆ."

ಆಮೇಲೆ ಅವನು ಬಿಂದಿಗೆ ತುಂಬಿಕೊಂಡು ಬೆಟ್ಟ ಇಳಿಯುತ್ತಾನೆ. ಪರದೆ ನಿಧಾನವಾಗಿ ಬೀಳಬೇಕು ಎಂದು ಬರೆದಿದ್ದರು.

"ಅವರಿಗೂ ಬಾಯಾರಿದೆ" ಎಂಬ ಮಾತು ನನ್ನ ತಮ್ಮನಿಗೆ ಕೇಳಿಸಲಿಲ್ಲ. ಕೇಳಿಸಿದ್ದರೆ ಏನಾದರೂ ಆಗುತ್ತಿತ್ತೋ ಇಲ್ಲವೋ ನನಗೆ ಗೊತ್ತಿಲ್ಲ. ಆಗುತ್ತಿರಲಿಲ್ಲ ಎಂದೇ ಈಗ ಅನ್ನಿಸುತ್ತದೆ.

ಪುಟ್ಟು, ಪಾತ್ರ ಬಿಡು ಎಂದು ನಾನು ಹೇಳುವುದಿಲ್ಲ. ನಿನ್ನ ಸ್ನೇಹಿತರು ಅಲ್ಲೇ ಇದ್ದಾರೆ, ನೀನು ಈ ಊರಿಗೆ ಬಂದು ಹೋಗಬೇಕಾದವನು. ನಿನ್ನ ತಾತ ಒಬ್ಬರೇ ನಿಂತಿದ್ದಕ್ಕೆ ನಾನು ಏನೇನು ಕಳೆದುಕೊಂಡೆ ಎಂಬುದು ನನಗೆ ಗೊತ್ತು, ಅದನ್ನು ನಿನ್ನ ತಲೆಗೆ ಕಟ್ಟಲಾರೆ. ಬೀಳುವುದಾದರೆ ಮೊದಲು ಬ್ಯಾನರಿನಿಂದ ತಾತನ ಫೋಟೋ ತೆಗೆಸು, ಆಮೇಲೆ ಬೀಳು. ಮೊನ್ನೆ ನಾಟಕದವರು ಬಂದು ಮೇಷ್ಟ್ರು ಹಿಡಿದಿದ್ದ ನಿಜವಾದ ಬಿಂದಿಗೆ ಕೊಡಿ ಎಂದು ಕೇಳಿದರು. ತೂತಾಗಿದೆ ಎಂದು ಸುಳ್ಳು ಹೇಳಿ ಕಳಿಸಿದೆ. ಹುಣಸೆಹಣ್ಣು ಹಾಕಿ ಉಜ್ಜಿ ಇಟ್ಟಿದ್ದೇನೆ. ಕೆಳಗಿಡುವುದಕ್ಕಾದರೆ ಅದನ್ನು ಕೊಡುವುದಿಲ್ಲ. ಎತ್ತಿಕೊಂಡು ಹೋಗುವುದಾದರೆ ಬಂದು ತೆಗೆದುಕೊ, ಒಂದು ಫೋನು ಮಾಡಿದರೂ ಸಾಕು.

ಚಿನ್ನು, ನೀನು ಕೇಳಿದ್ದಕ್ಕೆ ಅವತ್ತು ಎದ್ದು ಹೋದೆ, ಉತ್ತರ ಇಲ್ಲಿದೆ. ಈ ಹಾಳೆಗಳನ್ನು ನೀನೇ ಇಟ್ಟುಕೊ. ಯಾರಾದರೂ ತಿದ್ದಿಕೊಡುತ್ತೇವೆ ಎಂದು ಕೇಳಿದರೆ ಕೊಡಬೇಡ. ಅಕ್ಷರ ಸೊಟ್ಟಗಿದ್ದರೆ ಹಾಗೇ ಇರಲಿ. ನೀರು ತಾಗದ ಕಡೆ ಇಡು, ಮಗಳೇ, ಜೋಪಾನ.